ಹಾಡು ಕುಡಿಯುವ ಯಂತ್ರ

"ಹಾಡ್ರೇ, ಹಲ್ಕಾ ಮುಂಡೇರಾ! ಬಾಯಿಗೇನು ಏಡಿ ಕಚ್ಕಂಡದಾ?"

ಕೆಲ್ಲಮ್ ಸಾಹೇಬ ತನ್ನ ಯಂತ್ರದ ಹಿತ್ತಾಳೆ ಕೊಳವೆಯ ಹತ್ತಿರ ನಿಂತು ಅರಚಿದ. ಏಡಿ ಶೆಡ್ಡಿನ ಉದ್ದನೆಯ ಮೇಜಿನ ಎರಡೂ ಕಡೆ ಕೂತಿದ್ದ ಇಪ್ಪತ್ತನಾಲ್ಕು ಕರಿಯ ಹೆಂಗಸರು ತಲೆ ಎತ್ತಲಿಲ್ಲ. ಬೇಯಿಸಿ ಸುರಿದ ರಾಶಿಯಿಂದ ಒಂದೊಂದೇ ಏಡಿ ಎತ್ತಿ, ಚಿಪ್ಪು ಕಿತ್ತು, ಚೂರಿಯ ತುದಿಯಿಂದ ಮಾಂಸ ಬಿಡಿಸಿ ಡಬ್ಬಿಗೆ ಹಾಕುತ್ತಿದ್ದರು. ಅಮೆರಿಕದ ಚೆಸಪೀಕ್ ಕೊಲ್ಲಿಯ ಕಡೆಯಿಂದ ಒಂದು ತುಣುಕು ಗಾಳಿಯೂ ಇಲ್ಲ. ಬೆಳಿಗ್ಗೆ ಹತ್ತಕ್ಕೇ ಶೆಡ್ಡು ಹಬೆಯಲ್ಲಿ ಬೇಯುತ್ತಿತ್ತು.

"ಗಂಟ್ಲು ಒಣಗೈತೆ ಸಾಹೇಬ್ರೇ," ಎಂದಳು ಲುವೀನಿಯಾ.

"ನಿನ್ ಗಂಟ್ಲಿಗೆ ಜೇನುತುಪ್ಪ ಹುಯ್ಲಾ? ಸಾಲು ಕೊಡೇ, ಬಿಕನಾಸಿ."

ಸಾಲು ಕೊಡುವುದು ಲುವೀನಿಯಾಳ ಕೆಲಸ. ಚರ್ಚಿನಲ್ಲಿ ಹಾಡಿನ ಪುಸ್ತಕ ಓದಬಲ್ಲವರು ಒಬ್ಬಿಬ್ಬರೇ ಇದ್ದ ಕಾಲದಿಂದಲೂ ಇವರದು ಅದೇ ಪದ್ಧತಿ. ಒಬ್ಬಳು ಒಂದು ಸಾಲು ಹೇಳುವುದು, ಉಳಿದವರು ಅದನ್ನು ಎತ್ತಿಕೊಂಡು ರಾಗವಾಗಿ ಎಳೆಯುವುದು. ಆ ಎಳೆತಕ್ಕೆ ಮೇಜಿನ ಹಲಗೆ ನಡುಗುತ್ತಿತ್ತು, ಆ ನಡುಕವನ್ನು ಕುಡಿದೇ ಸಾಹೇಬನ ಯಂತ್ರ ಓಡುತ್ತಿತ್ತು. ಗೋಡೆಗೆ ಆನಿಸಿ ನಿಲ್ಲಿಸಿದ ಅದಕ್ಕೆ ಒಂದು ದೊಡ್ಡ ತುತ್ತೂರಿ, ಬಾರಿಸುವ ಹನ್ನೆರಡು ಗಂಟೆಗಳು, ಮೈತುಂಬ ತಂತಿ. ಹೆಂಗಸರು ಹಾಡುತ್ತಿರುವಾಗ ಕೊಳವೆಗೆ ಬಾಯಿಟ್ಟು ಏನಾಗಲಿ ಅಂದರೆ ಲೋಕದಲ್ಲಿ ಅದು ಆಗಿಬಿಡುತ್ತಿತ್ತು. ಇಂಥಾ ಯಂತ್ರ ಸಿಕ್ಕಿದಾಗ ಆ ಮಹಾನುಭಾವ ಮೊದಲು ಕೇಳಿದ್ದು, ತನ್ನ ಆಫೀಸಿನಲ್ಲಿ ನೊಣ ಇರಬಾರದು ಅಂತ. ನೊಣಗಳೆಲ್ಲ ಶೆಡ್ಡಿಗೆ ಬಂದವು.

ಎರಡನೆಯದು ತಮಾಷೆಯಲ್ಲ. ಕೆಲಸಗಾರರ ಸಂಘ ಕಟ್ಟಿ ಎಂದು ಹೇಳಲು ಬಾಲ್ಟಿಮೋರಿನಿಂದ ಒಬ್ಬ ಗಂಡಸು ಬಂದಿದ್ದ. ಸಾಹೇಬ ಅವನು ಇಲ್ಲವಾಗಲಿ ಎಂದು ಕೊಳವೆಗೆ ಹೇಳಿದ. ಅವತ್ತು ಲುವೀನಿಯಾ ಕೊಟ್ಟ ಸಾಲು, 'ಪರದೇಶಿ ನಾನಪ್ಪಾ, ಈ ನೆಲ ಬಿಟ್ಟು ಹೋದೆ' ಎಂದು. ಹಾಡು ಮುಗಿಯುವಷ್ಟರಲ್ಲಿ ಅವನಿರಲಿಲ್ಲ. ಅವನ ಟೋಪಿ ಗೂಟದಲ್ಲಿ ಉಳಿಯಿತು; ಮುಖ ಯಾರಿಗೂ ನೆನಪಾಗುವುದಿಲ್ಲ. ಅಂದಿನಿಂದ ಲುವೀನಿಯಾ ಆ ಗೂಟಕ್ಕೆ ಬೆನ್ನು ಹಾಕಿಯೇ ಕೂರುತ್ತಿದ್ದಳು.

ಕಳೆದ ವಾರ ಸಾಹೇಬ ತನ್ನ ಬೋಳುತಲೆಗೆ ಕೂದಲು ಕೇಳಿದ. ಲುವೀನಿಯಾ ಏನೂ ಯೋಚಿಸದೆ, 'ಕರ್ತನ ಕುರಿಗಳು ನಾವು, ಬಿಳಿ ಉಣ್ಣೆ ಹೊದ್ದೇವು' ಎಂದು ಸಾಲು ಕೊಟ್ಟಿದ್ದಳು. ಬಂತು ಕೂದಲು. ಶುದ್ಧ ಕುರಿ ಉಣ್ಣೆ, ಗುಂಗುರು ಗುಂಗುರಾಗಿ, ಕಿವಿಯವರೆಗೆ. ಈ ಹೆಂಗಸರ ತಲೆಗೂದಲನ್ನು ಉಣ್ಣೆ ಉಣ್ಣೆ ಎಂದು ಜನ್ಮವಿಡೀ ಆಡಿಕೊಂಡವನು ಅವನು. ಯಂತ್ರ ಕಟ್ಟಿದ ಮೆಕ್ಯಾನಿಕ್‌ನ ಅಮ್ಮ ಅಜ್ಜಿ ಎಲ್ಲರನ್ನೂ ಬೈದು, ಅವತ್ತಿನಿಂದ ತಲೆಗೆ ಟವೆಲು ಸುತ್ತಿಕೊಂಡೇ ಓಡಾಡುತ್ತಿದ್ದ. ಎಲ್ಲರೂ ಹಾಡುವಾಗ ಯಂತ್ರ ಕೇಳುವುದು ತನ್ನ ಮಾತನ್ನಲ್ಲ, ಮೇಜಿನ ಸಾಲನ್ನು ಎಂದು ಅವನಿಗೆ ಹೊಳೆಯಲಿಲ್ಲ. ಹೆಂಗಸರಿಗೆ ಹೊಳೆಯಿತು. ಯಾರೂ ಬಾಯಿ ಬಿಡಲಿಲ್ಲ.

ಇವತ್ತು ಅವನ ಕಣ್ಣು ಮೇಜಿನ ಕೊನೆಯಲ್ಲಿದ್ದ ಡ್ರೂಸಿಯ ಮೇಲಿತ್ತು. ಡ್ರೂಸಿ ಲುವೀನಿಯಾಳ ತಂಗಿ. ಚಿಪ್ಪು ಚುಚ್ಚಿ ಕೀವು ತುಂಬಿದ ಕೈ ತೋರಿಸಿ, ಡಾಕ್ಟರು ಬರುವವರೆಗೆ ಚೂರಿ ಮುಟ್ಟೋಲ್ಲ ಎಂದು ಶನಿವಾರ ಎದ್ದು ನಿಂತವಳು. ಇಪ್ಪತ್ತನಾಲ್ಕೂ ಚೂರಿ ಕೆಳಗೆ ಬಿದ್ದವು. ಅರ್ಧ ದಿನದ ಏಡಿ ಕೊಳೆತು ಊರೆಲ್ಲ ನಾತ.

"ಇವತ್ತು ಏನ್ ಕೇಳ್ತೀನಿ ಗೊತ್ತಾ?" ಸಾಹೇಬ ಒಂದು ಏಡಿಕೊಂಡಿ ಎತ್ತಿ ಡ್ರೂಸಿಯ ಊದಿದ ಕೈಗೆ ತಿವಿದ. "ಈ ಮುಂಡೆ ಹುಟ್ಟೇ ಇರ್ಲಿಲ್ಲ ಅಂತ. ನಾಳೆ ಇವ್ಳ ಅವ್ವಂಗೂ ಇವ್ಳ ಹೆಸ್ರು ಗೊತ್ತಿರಲ್ಲ. ಹಾಡಿ ಅಳಿಸೋರು ನೀವೇಯಾ."

ಡ್ರೂಸಿ ಕೈ ಹಿಂದೆಳೆದುಕೊಳ್ಳಲಿಲ್ಲ. "ಅದ್ಕೂ ಮುಂಚೆ ಆ ಟವೆಲ್ ಬಿಚ್ಚು ಸಾಮಿ. ಒಂದ್ ಕಿತ ಕಣ್ತುಂಬ ನೋಡ್ಕಂಡ್ ಓಯ್ತೀನಿ."

ಪಕ್ಕದಲ್ಲಿದ್ದ ಹೆಟ್ಟಿ ಅಜ್ಜಿಗೆ ನಗು ಮೂಗಿನಿಂದ ಹೊರಬಂತು. ಸಾಹೇಬ ಡ್ರೂಸಿಯ ಕೆನ್ನೆಗೆ ಬಾರಿಸಿದ.

"ಹಾಡ್ದೆ ಹೋದ್ರೆ?" ಎಂದಳು ಲುವೀನಿಯಾ.

"ಸಂಜೆಗೆ ಇಪ್ಪತ್ನಾಲ್ಕ್ ಮನೇನೂ ಖಾಲಿ ಮಾಡ್ಸ್ತೀನಿ. ಆ ಮನೆಗ್ಳೇನ್ ನಿಮ್ಮಪ್ಪ ಕಟ್ಸಿದ್ನಾ?"

ಲುವೀನಿಯಾಳಿಗೆ ಭಯವಾಯಿತು. ಸಾಲೇನೋ ಕೊಡಬಹುದು, ಯಂತ್ರ ಓಡಲು ಅವಳೊಬ್ಬಳ ದನಿಯೂ ಸಾಕು. ಆದರೆ ಮನೆ ಹೋಗುವ ಹೆದರಿಕೆಗೆ, ಸಾಹೇಬನಿಗೆ ಎದುರಾದ ಸಾಲನ್ನು ಉಳಿದವರು ಎತ್ತಿಕೊಳ್ಳದಿದ್ದರೆ ಯಂತ್ರಕ್ಕೆ ಸಾಹೇಬನ ಮಾತೊಂದೇ ಕೇಳಿಸುತ್ತದೆ. ತಂಗಿ ಹೋಗುತ್ತಾಳೆ, ಹೋದದ್ದು ತನಗೆ ತಿಳಿಯುವುದೂ ಇಲ್ಲ.

ಅವಳು ಸಾಲು ಕೊಟ್ಟಳು.

"ಡ್ರೂಸಿ ಅವ್ಳೆ ಕಣ್ರವ್ವಾ, ಇಲ್ಲೇ ಅವ್ಳೆ."

ಯಾರೂ ಎತ್ತಿಕೊಳ್ಳಲಿಲ್ಲ. ಎಲ್ಲರೂ ಏಡಿಯನ್ನೇ ನೋಡುತ್ತಿದ್ದರು. ಸಾಹೇಬ ಕೊಳವೆಗೆ, "ಡ್ರೂಸಿ ಅನ್ನೋಳು ಹುಟ್ಟೇ ಇಲ್ಲ!" ಎಂದು ಕೂಗಿದ. ಡ್ರೂಸಿಯ ಬೆನ್ನ ಹಿಂದಿನ ಗೋಡೆ ಅವಳ ಮೈ ತೂರಿ ಕಾಣತೊಡಗಿತು. ಲುವೀನಿಯಾ ಮತ್ತೆ ಸಾಲು ಕೊಡಲು ಬಾಯಿ ತೆರೆದಳು. ಯಾರ ಹೆಸರು ಹೇಳಬೇಕೆಂದು ಗೊತ್ತಾಗಲಿಲ್ಲ.

ಹೆಟ್ಟಿ ಅಜ್ಜಿ ಹಲ್ಲಿಲ್ಲದ ಬಾಯಿ ತೆರೆದು ಎತ್ತಿಕೊಂಡಳು. "ಡ್ರೂ... ಸೀ..."

ಅವಳ ಎದುರಿನವಳು ಎತ್ತಿಕೊಂಡಳು. ಆಮೇಲೆ ಇಡೀ ಮೇಜು. ಡಬ್ಬಿಗಳು ಕುಣಿದವು, ಯಂತ್ರದ ಹನ್ನೆರಡು ಗಂಟೆಗಳೂ ಒಟ್ಟಿಗೇ ಬಾರಿಸಿದವು. ಡ್ರೂಸಿ ಗಟ್ಟಿಯಾಗಿ, ಬೆವರು ಸಮೇತ, ಬೆಂಚಿನ ಮೇಲೆ ಇದ್ದಳು. ಲುವೀನಿಯಾ ಅತ್ತುಬಿಟ್ಟಳು.

ಸಾಹೇಬನಿಗೆ ಈಗ ಹೊಳೆಯಿತು. "ನಿಲ್ಲಿಸ್ರೇ! ಹಾಡ್ಬೇಡ್ರೇ! ಡಾಕ್ಟ್ರುನ್ನ ಕರೆಸ್ತೀನಿ ಕಣ್ರೇ!" ಎಂದು ಕೊಳವೆಗೆ ಕಿರುಚಿದ. ಅದು ಅವನಿಗೇ ಕೇಳಿಸಲಿಲ್ಲ.

"ಮುಂದಿನ್ ಸಾಲು ಕೊಡಕ್ಕಾ," ಎಂದಳು ಡ್ರೂಸಿ.

ಲುವೀನಿಯಾ ಮುಂಗೈಯಲ್ಲಿ ಮೂಗು ಒರೆಸಿಕೊಂಡು ಸಾಹೇಬನನ್ನು ಮೇಲಿಂದ ಕೆಳಗೆ ನೋಡಿದಳು.

"ಕೆಲ್ಲಮ್ ಸಾಹೇಬ್ರು ಬೆಂಚ್ ಮ್ಯಾಲೆ ಕುಂತವ್ರೆ, ಬರಿಗೈಲಿ ಏಡಿ ಸುಲಿತಾವ್ರೆ."

ಎಲ್ಲರೂ ಎತ್ತಿಕೊಂಡರು, ಈ ಸಲ ಯಾರೂ ಯಾರನ್ನೂ ಕಾಯಲಿಲ್ಲ. ಹೆಟ್ಟಿ ಅಜ್ಜಿಗೂ ಡ್ರೂಸಿಗೂ ನಡುವೆ ಸಾಹೇಬ ಕೂತಿದ್ದ. ಅಜ್ಜಿ ಕೊಂಚ ಜರುಗಿ ಜಾಗ ಮಾಡಿಕೊಟ್ಟು, ಬೆಂಚಿನ ಕೆಳಗಿನ ಬುಟ್ಟಿಗೆ ಕೈ ಹಾಕಿ, ಅವನ ಮುಂದೆ ಒಂದು ಏಡಿ ಇಟ್ಟಳು. ಅದಿನ್ನೂ ಬೆಂದಿರಲಿಲ್ಲ, ಕೊಂಡಿ ಆಡಿಸುತ್ತಿತ್ತು.