ಹೆಡ್‌ಮಾಸ್ತರರ ನಕಲು ಪ್ರತಿ

ನಲವತ್ತನಾಲ್ಕು ವರ್ಷ ಉಗ್ರಾಣದ ಅಟ್ಟದ ಮೇಲೆ ಹರಿದ ಕೊಡೆ, ಕಾಲು ಮುರಿದ ಸ್ಟೂಲುಗಳ ಜೊತೆ ಬಿದ್ದಿದ್ದ ತಮ್ಮನ ಫೋಟೋವನ್ನು ಹೆಡ್‌ಮಾಸ್ತರರು ಒಂದು ಭಾನುವಾರ ಬೆಳಿಗ್ಗೆ ಕೆಳಗಿಳಿಸಿದರು. ತಾವೇ ಇಳಿಸಲಿಲ್ಲ, ಮಗನ ಕೈಯಲ್ಲಿ ಇಳಿಸಿದರು. ನಿವೃತ್ತಿಯಾದ ಮೇಲೆ ಅವರು ಸ್ವಂತ ಕೈಯಿಂದ ಮಾಡುತ್ತಿದ್ದುದು ಎರಡೇ ಕೆಲಸ, ಊಟ ಮಾಡುವುದು ಮತ್ತು ಪತ್ರ ಬರೆಯುವುದು.

"ಇನ್ನೂ ಸ್ವಲ್ಪ ಬಲಕ್ಕೆ. ಬಾಗಿಲು ದಾಟಿದ ಕೂಡ್ಲೇ ಕಾಣ್ಬೇಕು," ಎಂದು ಕುರ್ಚಿಯಲ್ಲಿ ಕೂತೇ ಅಪ್ಪಣೆ ಕೊಟ್ಟರು. "ಎಂಥಾ ತಮ್ಮ! ನಮ್ಮ ವಂಶಕ್ಕೇ ಹೆಸರು ತಂದ."

ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತಿದ್ದವಳು ಆ ತಮ್ಮನ ಹೆಂಡತಿ. ಪುಸ್ತಕಗಳಿಗೆ ಬೈಂಡು ಹಾಕುವ ಕಸುಬಿನಿಂದ ಅವಳ ಬೆರಳ ತುದಿಗಳಲ್ಲಿ ಗೋಂದು ಒಣಗಿ ಸದಾ ಗಡುಸಾಗಿರುತ್ತಿತ್ತು. ಮನೆಯ ಮಕ್ಕಳು ಅವಳಿಗೆ ಗೋಂದಜ್ಜಿ ಎಂದು ಹೆಸರಿಟ್ಟಿದ್ದರು, ಅದೇ ನಿಂತುಬಿಟ್ಟಿತ್ತು. ವಂಶಕ್ಕೆ ಹೆಸರು ತಂದವನ ಹೆಸರನ್ನೇ ಈ ಮನೆಯಲ್ಲಿ ಯಾರೂ ಎತ್ತಕೂಡದೆಂದು ಇದೇ ಭಾವ ಇದೇ ಕುರ್ಚಿಯಿಂದ ಕಟ್ಟಪ್ಪಣೆ ಮಾಡಿದ್ದು ಅವಳಿಗೆ ನೆನಪಿತ್ತು. ಆದರೂ ಫೋಟೋ ಬೆಳಕಿಗೆ ಬಂತಲ್ಲ, ಅಷ್ಟೇ ಸಾಕೆಂದುಕೊಂಡಳು.

ಫೋಟೋದಲ್ಲಿದ್ದವನು ಒಂದು ಮುದ್ರಣಾಲಯದಲ್ಲಿ ಕರಡು ತಿದ್ದುತ್ತಿದ್ದ. ಒಬ್ಬರನ್ನೊಬ್ಬರು ಪ್ರೀತಿಸುವ ಇಬ್ಬರು ಗಂಡಸರ ಬಗ್ಗೆ ಒಂದು ಕಾದಂಬರಿ ಬರೆದ. ಅದು ಊಹಿಸಿ ಬರೆದದ್ದಲ್ಲ ಎಂಬುದು ಅಕ್ಷರ ಬಲ್ಲವರಿಗೆಲ್ಲ ತಿಳಿಯುತ್ತಿತ್ತು. ಪ್ರಕಾಶಕ ಪ್ರತಿಗಳನ್ನು ರದ್ದಿಗೆ ಹಾಕಿದ, ಮುದ್ರಣಾಲಯ ಕೆಲಸದಿಂದ ಕಿತ್ತುಹಾಕಿತು, ಒಂದು ಸಂಜೆ ವಾಚನಾಲಯಕ್ಕೆ ಬಂದ ಪೊಲೀಸರು ಎಲ್ಲರೆದುರು ಅವನ ಕತ್ತಿನ ಪಟ್ಟಿ ಹಿಡಿದು ಎಳೆದೊಯ್ದರು. ಹನ್ನೊಂದು ದಿನ ಒಳಗಿಟ್ಟು ಬಿಟ್ಟರು. ಬಿಟ್ಟ ಮೂರನೇ ವಾರಕ್ಕೆ ಅವನ ಮದುವೆಯಾಯಿತು.

ಗಂಡಸನ್ನು ಪ್ರೀತಿಸುವ ಗಂಡಸಿಗೆ ನಮ್ಮ ದೊಡ್ಡವರು ಕಂಡುಹಿಡಿದಿರುವ ಮದ್ದು ಒಂದೇ, ಹೆಂಡತಿ. ಈ ಮದ್ದನ್ನು ತಲೆತಲಾಂತರದಿಂದ ಕುಡಿಸುತ್ತಿದ್ದಾರೆ, ಒಬ್ಬನಿಗೂ ವಾಸಿಯಾದದ್ದಿಲ್ಲ, ಯಾಕೆಂದರೆ ಅಲ್ಲಿ ಕಾಯಿಲೆಯೇ ಇಲ್ಲ. ಆದರೂ ಬಿಡುವುದಿಲ್ಲ. ಇನ್ನು ಮದ್ದಿನ ಅಭಿಪ್ರಾಯವನ್ನು ಯಾರಾದರೂ ಕೇಳುತ್ತಾರೆಯೇ? ಹತ್ತೊಂಬತ್ತು ವರ್ಷದ, ತಂದೆಯಿಲ್ಲದ ಹುಡುಗಿಯನ್ನು ಯಾರೂ ಕೇಳಲಿಲ್ಲ.

ಗಂಡ ಒಳ್ಳೆಯವನಿದ್ದ. ಮೊದಲ ವಾರವೇ ಅವಳೆದುರು ಕೂತು, "ನಿನಗೆ ಅನ್ಯಾಯ ಆಗಿದೆ, ಅದರಲ್ಲಿ ನನ್ನ ಪಾಲೂ ಇದೆ," ಎಂದು ಇದ್ದದ್ದು ಇದ್ದ ಹಾಗೆ ಹೇಳಿದ್ದ. ಅವಳಿಗೆ ಓದು ಕಲಿಸಿದ. ಮದ್ದು ಕೆಲಸ ಮಾಡುತ್ತಿಲ್ಲವೆಂದು ಕಂಡಾಗ ಹೆಡ್‌ಮಾಸ್ತರರು ಡಾಕ್ಟರೊಬ್ಬನನ್ನು ಹುಡುಕಿದರು. ಪ್ರತಿ ಗುರುವಾರ ಆ ಡಾಕ್ಟರು ಅವನ ತಲೆಗೆ ಕರೆಂಟು ಕೊಡುತ್ತಿದ್ದ. ವರ್ಷ ಕಳೆಯುವುದರೊಳಗೆ ಪೆನ್ನು ಹಿಡಿದ ಕೈ ನಿಲ್ಲದಾಯಿತು. ಅವನು ಹೇಳಿದ್ದನ್ನು ಅವಳು ಬರೆದುಕೊಳ್ಳುತ್ತಿದ್ದಳು. ಮೂರನೇ ವರ್ಷದ ಒಂದು ಗುರುವಾರ ಅವಳು ಹೊರಗಿನ ಬೆಂಚಿನ ಮೇಲೆ ಕಾದೇ ಕಾದಳು. ಕೊನೆಗೆ ಆಯಾ ಒಬ್ಬಳು ಅವನ ಚಪ್ಪಲಿ, ಕನ್ನಡಕ ತಂದು ಅವಳ ಕೈಗಿಟ್ಟಳು.

ಇಷ್ಟಾದರೂ ಅವಳಿಗೆ ಭಾವನ ಮೇಲೆ ಕೃತಜ್ಞತೆಯಿತ್ತು. ಕಾರಣವಿಷ್ಟೇ. ತಮ್ಮನನ್ನು ಬಿಡಿಸಲು ಠಾಣೆಯ ಮೆಟ್ಟಿಲು ಸವೆಸಿದೆ, ಕಂಡವರ ಕಾಲು ಹಿಡಿದೆ, ಪತ್ರದ ಮೇಲೆ ಪತ್ರ ಬರೆದೆ ಎಂದು ಭಾವ, ತಮ್ಮನ ಹೆಸರೆತ್ತದೆಯೇ, ವರ್ಷಕ್ಕೆ ಹತ್ತು ಸಲವಾದರೂ ಹೇಳುತ್ತಿದ್ದರು. ಗಂಡನ ಪ್ರಾಣ ಮೂರು ವರ್ಷವಾದರೂ ಉಳಿದದ್ದು ಇವರಿಂದ ಎಂದು ಅವಳು ಮನಸಾರೆ ನಂಬಿದ್ದಳು. ಆ ನಂಬಿಕೆಯಲ್ಲೇ ನಲವತ್ತನಾಲ್ಕು ವರ್ಷ ಬೆಳಗಿನ ಚಹಾ ಮೊದಲು ಭಾವನಿಗೆ ಕೊಟ್ಟಳು. ಅವರ ಪತ್ರಗಳಿಗೆ ಬೈಂಡನ್ನೂ ಹಾಕಿಕೊಟ್ಟಳು.

ಹೆಡ್‌ಮಾಸ್ತರರು ಬರೆದ ಪ್ರತಿಯೊಂದು ಪತ್ರಕ್ಕೂ ನಕಲು ಇಡುತ್ತಿದ್ದರು. ನಲ್ಲಿ ಸೋರುತ್ತಿದೆ ಎಂಬ ದೂರಿರಲಿ, ಪಕ್ಕದ ಮನೆಯವರ ನಾಯಿ ಬೊಗಳುತ್ತದೆ ಎಂಬ ಅರ್ಜಿಯಿರಲಿ, ಕೆಳಗೊಂದು ಕಾರ್ಬನ್ ಹಾಳೆ ಇದ್ದೇ ಇರಬೇಕು. ಲೆಟರ್‌ಪ್ಯಾಡು, ಕಾರ್ಬನ್ನು, ಎರಡು ಪೆನ್ನುಗಳಿದ್ದ ಚರ್ಮದ ಚೀಲ ಅವರ ಕಂಕುಳು ಬಿಟ್ಟು ಇಳಿಯುತ್ತಿರಲಿಲ್ಲ. ವರ್ಷಕ್ಕೊಂದು ಸಂಪುಟ. ಗಂಡ ಸತ್ತ ವರ್ಷ ಕಸುಬು ಕಲಿಯುವಾಗ ಅವಳು ಮೊದಲು ಸೂಜಿ ಹಾಕಿದ್ದೇ ಆ ಹಳೆಯ ನಕಲುಗಳಿಗೆ. ದೊಡ್ಡವರ ಪತ್ರ ಓದಬಾರದೆಂದು ಒಂದಕ್ಷರವನ್ನೂ ಓದದೆ ಹೊಲಿದಿದ್ದಳು.

ಕಾದಂಬರಿ ನಲವತ್ತು ವರ್ಷದ ಮೇಲೆ ಮತ್ತೆ ಅಚ್ಚಾಗಿ ಹೆಸರಾಯಿತು. ಅವನ ಜೀವನದ ಮೇಲೆ ಸಿನಿಮಾ ಮಾಡುತ್ತೇನೆಂದು ನಿರ್ದೇಶಕಿಯೊಬ್ಬಳು ಬಂದಳು. ಗೋಂದಜ್ಜಿ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದಳು. ಹೆಡ್‌ಮಾಸ್ತರರು ಎದೆಯುಬ್ಬಿಸಿ ತಮ್ಮನನ್ನು ಹಿಡಿದೊಯ್ದ ವರ್ಷದ ಸಂಪುಟವನ್ನೇ ತೆಗೆದುಕೊಟ್ಟರು. "ನೋಡಿ, ತಮ್ಮನಿಗಾಗಿ ಎಷ್ಟು ಒದ್ದಾಡಿದೀನಿ ಅಂತ ನಿಮಗೇ ಗೊತ್ತಾಗುತ್ತೆ. ಎಲ್ಲಾ ದಾಖಲೆ ಇದೆ." ಕೊಡುವ ಮುಂಚೆ ಒಮ್ಮೆ ತಿರುವಿ ನೋಡಲಿಲ್ಲ. ಅಷ್ಟು ವರ್ಷ ಹೇಳಿ ಹೇಳಿ ಅವರಿಗೇ ಅದು ನಿಜವಾಗಿಬಿಟ್ಟಿತ್ತು.

ಇತ್ತ ತಮ್ಮನ ಫೋಟೋ ಗೋಡೆಗೇರಿದರೆ, ಅತ್ತ ಅದೇ ಫೋಟೋದ ಕೆಳಗೆ ಕೂತು ಅವರು ಮೊಮ್ಮಗನ ಮದುವೆಗೆ ದಿನ ಗೊತ್ತು ಮಾಡುತ್ತಿದ್ದರು.

ಮೊಮ್ಮಗನಿಗೆ ಇಪ್ಪತ್ತೇಳು. ಕನ್ನಡಕದ ಅಂಗಡಿಯಲ್ಲಿ ಕಣ್ಣು ಪರೀಕ್ಷೆ ಮಾಡುತ್ತಿದ್ದ. ಅಲ್ಲೇ ಗಾಜು ಸಾಣೆ ಹಿಡಿಯುವ ಒಬ್ಬನಲ್ಲಿ ಅವನ ಮನಸ್ಸು ನೆಟ್ಟು ನಾಲ್ಕು ವರ್ಷವಾಗಿತ್ತು. ಎಂಟು ತಿಂಗಳ ಹಿಂದೆ ಅಪ್ಪ, ತಾತ ಇಬ್ಬರನ್ನೂ ಕೂರಿಸಿಕೊಂಡು ಇದ್ದದ್ದನ್ನು ಹೇಳಿದ್ದ.

"ಇದೆಲ್ಲಾ ವಯಸ್ಸಿನ ಹುಚ್ಚು," ಎಂದಿದ್ದರು ಹೆಡ್‌ಮಾಸ್ತರರು. "ಒಂದು ಮದುವೆ ಆಗ್ಲಿ, ಎಲ್ಲಾ ಸರಿ ಹೋಗುತ್ತೆ."

"ಚಿಕ್ಕಜ್ಜನಿಗೆ ಸರಿ ಹೋಯ್ತಾ ತಾತ?"

"ಅವನಿಗೆ ತಡವಾಗಿ ಮಾಡಿದ್ವಿ. ಮೂವತ್ತೆರಡಕ್ಕೆ. ನಿನಗೆ ಬೇಗ ಮಾಡ್ತೀವಿ."

ಎಂಥ ಬುದ್ಧಿ ನೋಡಿ! ಒಂದು ಹೆಣ ಬಿದ್ದ ಮೇಲೂ ಈ ಮನುಷ್ಯ ಕಲಿತದ್ದು ಮುಹೂರ್ತ ಬೇಗ ಇಡಬೇಕು ಎಂಬುದನ್ನು ಮಾತ್ರ. ಮೂವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿದವರು ಇವರು.

ಮೊಮ್ಮಗ ಗೋಂದಜ್ಜಿಯ ಹತ್ತಿರ ಬಂದು ಅತ್ತ. ಅವಳು ಅವನ ತಲೆ ಸವರಿ, "ತಾತನಿಗೆ ಎದುರಾಡ್ಬೇಡ ಕಂದಾ. ಅವ್ರು ನಿನ್ನ ಚಿಕ್ಕಜ್ಜನ್ನ ಬಿಡಿಸ್ಕೊಂಡು ಬಂದೋರು. ನಿನಗೂ ಕೆಟ್ಟದ್ದು ಮಾಡೋದಿಲ್ಲ," ಎಂದಳು. ಬೇರೆ ಯಾರು ಹೇಳಿದ್ದರೂ ಅವನು ಬಗ್ಗುತ್ತಿರಲಿಲ್ಲ. ಅವಳು ಹೇಳಿದ್ದಕ್ಕೆ ಒಪ್ಪಿಕೊಂಡ.

ಸಿನಿಮಾ ಮುಗಿದು ಮನೆಯವರಿಗೆ ಮೊದಲು ತೋರಿಸುವ ದಿನ ಬಂತು. ಹೆಡ್‌ಮಾಸ್ತರರು ಬೀಗರಾಗಲಿರುವವರನ್ನೂ ಕರೆದರು. ಹುಡುಗಿ, ಹುಡುಗಿಯ ತಂದೆ, ಎಲ್ಲರೂ ವಂಶದ ಕೀರ್ತಿಯನ್ನು ಕಣ್ತುಂಬ ನೋಡಲಿ ಎಂದು. ಇಪ್ಪತ್ತು ಕುರ್ಚಿಗಳ ಪುಟ್ಟ ಸಿನಿಮಾ ಹಾಲ್. ಮಧ್ಯಾಹ್ನ ಎರಡು ಗಂಟೆಗೆ ದೀಪ ಆರಿಸಿದರು.

ಮೊದಲ ಅರ್ಧ ಗಂಟೆ ಹೆಡ್‌ಮಾಸ್ತರರು ಕರವಸ್ತ್ರ ಒದ್ದೆ ಮಾಡಿಕೊಂಡು ಅತ್ತರು, ಅಕ್ಕಪಕ್ಕದವರಿಗೆ ಕೇಳಿಸುವ ಹಾಗೆ. ಆಮೇಲೆ ಪರದೆಯ ಮೇಲೆ ಅವರ ಪಾತ್ರ ಬಂತು. ಇಸ್ತ್ರಿ ಮಾಡಿದ ಅಂಗಿಯ ಒಬ್ಬ ಮೇಷ್ಟ್ರು ಮೇಜಿನ ಮುಂದೆ ಕೂತು ಎರಡು ಹಾಳೆಗಳ ನಡುವೆ ಕಾರ್ಬನ್ ಇಟ್ಟು ಅಂಚು ಸರಿಮಾಡಿಕೊಂಡ. ಬರೆಯುತ್ತಾ ಹೋದ ಹಾಗೆ ಅದನ್ನು ಒಂದು ದನಿ ಓದಿತು.

"ಠಾಣಾಧಿಕಾರಿಗಳಿಗೆ. ನನ್ನ ತಮ್ಮನು ಪ್ರತಿ ಸಂಜೆ ಐದೂವರೆಗೆ ವಾಚನಾಲಯದಲ್ಲಿ ಸಿಗುತ್ತಾನೆ. ಅವನನ್ನು ಕೆಲವು ದಿನ ತಮ್ಮ ವಶದಲ್ಲಿಟ್ಟುಕೊಂಡು ಭಯ ಹುಟ್ಟಿಸಬೇಕಾಗಿ ವಿನಂತಿ. ಹೊರಬಂದೊಡನೆ ಮದುವೆಗೆ ಏರ್ಪಾಡಾಗಿದೆ. ಹುಡುಗಿ ತಂದೆಯಿಲ್ಲದವಳು. ಕೇಳಲು ಬರುವವರಿಲ್ಲ. ಬಾಯಿಯೂ ಕಡಿಮೆ."

ಸಿನಿಮಾದವರು ಕಟ್ಟಿದ ಕತೆಯಿರಬಹುದೆಂದು ಗೋಂದಜ್ಜಿ ಒಂದು ಕ್ಷಣ ಆಸೆಪಟ್ಟಳು. ಆಗ ಪರದೆಯ ತುಂಬ ನಿಜವಾದ ಹಾಳೆಯನ್ನೇ ತೋರಿಸಿದರು. ನೀಲಿ ಅಕ್ಷರ, ಭಾವನ ದುಂಡು ಬರಹ. ಎಡದ ಅಂಚಿನಲ್ಲಿ ಹೊಲಿಗೆಯ ತೂತುಗಳು, ಮೂರನೆಯದು ಸಾಲು ಬಿಟ್ಟು ಪಕ್ಕಕ್ಕೆ ಸರಿದಿತ್ತು. ಹೊಸದಾಗಿ ಕಲಿಯುವಾಗ ಸೂಜಿ ಜಾರಿ ಹಾಗಾಗಿದ್ದನ್ನು ಅವಳು ಮರೆತಿರಲಿಲ್ಲ. ತನ್ನ ಗಂಡನನ್ನು ಹಿಡಿದುಕೊಟ್ಟ ಕಾಗದವನ್ನು ತಾನೇ ಅಂದವಾಗಿ ಬೈಂಡು ಮಾಡಿ ಬೀರುವಿನಲ್ಲಿ ಇಟ್ಟಿದ್ದಳು. ಅವಳಿಗೆ ಮೈಯೆಲ್ಲ ಉರಿಯುವಷ್ಟು ಸಿಟ್ಟು ಬಂತು.

ಸಿನಿಮಾ ಮುಗಿದು ದೀಪ ಹತ್ತಿದ ಮೇಲೆ ಎಲ್ಲರೂ ಪಕ್ಕದ ಚಹಾ ಕೋಣೆಗೆ ಬಂದರು. ಹೆಡ್‌ಮಾಸ್ತರರ ಮುಖ ಹುಳ್ಳಗಾಗಿತ್ತು, ಆದರೆ ದನಿ ಮಾತ್ರ ಕುಗ್ಗಿರಲಿಲ್ಲ.

"ಆ ಪತ್ರದ ದೃಶ್ಯ ತೆಗೀಬೇಕು. ಶುದ್ಧ ಸುಳ್ಳು!"

"ನೀವೇ ಕೊಟ್ಟ ಸಂಪುಟ ಸಾರ್, ಇನ್ನೂರ ಹದಿನಾಲ್ಕನೇ ಪುಟ," ಎಂದಳು ನಿರ್ದೇಶಕಿ. "ಒಪ್ಪಿಗೆ ಕೊಟ್ಟೋರು ಅಜ್ಜಿ. ಅವ್ರು ಬೇಡ ಅಂತ ಬರೆದುಕೊಟ್ರೆ ಮಾತ್ರ ತೆಗೀತೀನಿ."

ಹೆಡ್‌ಮಾಸ್ತರರಿಗೆ ಹೋದ ಜೀವ ಬಂದಂತಾಯಿತು. ಬಾಯಿ ಕಡಿಮೆಯವಳು ತಾನೇ! ಚೀಲ ಬಿಚ್ಚಿ ಹಾಳೆ, ಕಾರ್ಬನ್ನು, ಹಾಳೆ ಜೋಡಿಸಿ ಅಲ್ಲೇ ಬರೆಯತೊಡಗಿದರು.

"ಯಾಕೆ ಬರೆದ್ರಿ ಭಾವ, ಅವತ್ತು?" ಎಂದಳು ಗೋಂದಜ್ಜಿ.

"ಅವನ ಒಳ್ಳೇದಕ್ಕೆ. ಮನೆ ಮರ್ಯಾದೆ ಅಂತ ಒಂದಿರುತ್ತೆ. ನಾಲ್ಕು ಜನ ಏನಂತಾರೆ?"

"ಆ ನಾಲ್ಕು ಜನರನ್ನ ನಾನು ನಲವತ್ತೇಳು ವರ್ಷದಿಂದ ಕಾಯ್ತಿದೀನಿ. ಒಬ್ರೂ ಒಂದು ಲೋಟ ನೀರು ಕೊಡೋಕೆ ಬರ್ಲಿಲ್ಲ."

"ಈಗ ಆ ಹಳೇದನ್ನೆಲ್ಲಾ ಕೆದಕಿ ಏನು ಸಿಗುತ್ತೆ? ಹೊಟ್ಟೆಗೆ ಹಾಕ್ಕೋ. ಇಲ್ಲಿ ಸಹಿ ಹಾಕು."

ಹುಡುಗಿಯ ತಂದೆ ಬಿಸ್ಕತ್ತು ಅಗಿಯುತ್ತಾ, "ಹೌದೌದು, ಸಿನಿಮಾದವ್ರು ಉಪ್ಪು ಖಾರ ಹಚ್ಚೇ ಹಚ್ತಾರೆ. ನಾವೇನೂ ಮನಸ್ಸಿಗೆ ಹಚ್ಕೊಂಡಿಲ್ಲ," ಎಂದು ಉದಾರವಾಗಿ ನಕ್ಕರು.

ಹುಡುಗಿ ನಗಲಿಲ್ಲ. ಆಸ್ಪತ್ರೆಯಲ್ಲಿ ನರ್ಸಾಗಿದ್ದವಳು, ಎದುರಿನವರ ಮುಖ ನೋಡಿಯೇ ಎಲ್ಲಿ ನೋವೆಂದು ಹೇಳಬಲ್ಲವಳು. ಇಷ್ಟು ಹೊತ್ತು ಮೊಮ್ಮಗನ ಮುಖವನ್ನೇ ನೋಡುತ್ತಿದ್ದಳು. ಈಗ ಗೋಂದಜ್ಜಿಯ ಪಕ್ಕ ಬಂದು ಕೂತಳು.

"ಅಜ್ಜಿ, ನನ್ನ ಬಗ್ಗೆನೂ ಹೀಗೆ ಯಾರಾದ್ರೂ ಕಾಗದ ಬರೆದಿದ್ದಾರಾ?"

ಗೋಂದಜ್ಜಿ ಹುಡುಗಿಯ ಕೈ ಹಿಡಿದುಕೊಂಡಳು. "ಅದನ್ನ ಹೇಳೋ ಹಕ್ಕು ನನ್ನದಲ್ಲ ಮಗಾ." ಆಮೇಲೆ ಮೊಮ್ಮಗನ ಕಡೆ ತಿರುಗಿದಳು. "ನಿನಗೆ ಅವತ್ತು ಎದುರಾಡ್ಬೇಡ ಅಂದಿದ್ದೆ. ತಪ್ಪು ಹೇಳಿದ್ದೆ ಕಂದಾ. ನನ್ನ ಮಾತು ವಾಪಸ್ ತಗೊಂಡಿದೀನಿ."

ಮೊಮ್ಮಗ ಎದ್ದು ನಿಂತ. ಕುರ್ಚಿಯ ಬೆನ್ನನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದ.

"ನಾನು ಮದುವೆ ಆಗೋದಿಲ್ಲ," ಎಂದ ಹುಡುಗಿಗೆ. "ನಿಮ್ಮಲ್ಲಿ ಏನೂ ಕೊರತೆ ಇಲ್ಲ. ನನ್ನ ಮನಸ್ಸು ಒಬ್ಬ ಗಂಡಸಿನ ಮೇಲಿದೆ. ಅಪ್ಪನಿಗೆ ಗೊತ್ತು, ತಾತನಿಗೆ ಗೊತ್ತು. ನಿಮಗೊಬ್ರಿಗೆ ಗೊತ್ತಿರ್ಲಿಲ್ಲ. ಕ್ಷಮಿಸಿ."

"ಕೂತ್ಕೋ! ಬೀಗರ ಮುಂದೆ ಮಾನ ಕಳೀಬೇಡ!" ಎಂದು ಅವನ ಅಪ್ಪ ಚೀರಿದ.

ಹುಡುಗಿಯ ತಂದೆ ಬಿಸ್ಕತ್ತು ಕೆಳಗಿಟ್ಟರು. "ಗಂಡು ಹುಡುಗ್ರು ಮದುವೆಗೆ ಮುಂಚೆ ಏನೇನೋ ಬಡಬಡಿಸ್ತಾರೆ. ಹೆಂಡತಿ ಅಂತ ಒಬ್ಬಳು ಬಂದ್ರೆ..."

"ಅಪ್ಪಾ," ಎಂದು ಹುಡುಗಿ ಎದ್ದಳು. "ವಾರ್ಡಿನಲ್ಲಿ ದಿನಾ ಔಷಧಿ ಕೊಡ್ತೀನಿ. ನಾನೇ ಔಷಧಿ ಆಗೋದಿಲ್ಲ. ನಡೀರಿ ಮನೆಗೆ." ಬಾಗಿಲ ಹತ್ತಿರ ನಿಂತು ಮೊಮ್ಮಗನಿಗೆ, "ಇವತ್ತಾದ್ರೂ ಹೇಳಿದ್ರಲ್ಲ," ಎಂದು ಹೇಳಿ ಹೋದಳು. ಅವಳ ತಂದೆ ಎಲ್ಲರ ಮುಖವನ್ನೂ ಒಮ್ಮೆ ನೋಡಿ ಹಿಂದೆಯೇ ನಡೆದರು.

ಹೆಡ್‌ಮಾಸ್ತರರಿಗೆ ಮೊಮ್ಮಗನ ಬದುಕೂ ಕಾಣಲಿಲ್ಲ, ಹೊರಟ ಹುಡುಗಿಯೂ ಕಾಣಲಿಲ್ಲ. ಅವರ ಕಣ್ಣು ಮೇಜಿನ ಮೇಲಿನ ಹಾಳೆಯಲ್ಲೇ ನೆಟ್ಟಿತ್ತು. "ಸಹಿ ಹಾಕು," ಎಂದು ಪೆನ್ನು ಚಾಚಿದರು.

ಗೋಂದಜ್ಜಿ ಪೆನ್ನು ತೆಗೆದುಕೊಂಡಳು. ಕಸುಬಿನ ಅಭ್ಯಾಸ, ಮೂರೂ ಹಾಳೆಗಳನ್ನು ಎತ್ತಿ ಮೇಜಿಗೆ ಕುಟ್ಟಿ ಅಂಚು ಸಮ ಮಾಡಿದಳು. ಭಾವ ಬರೆದದ್ದಕ್ಕೆಲ್ಲ ಅಡ್ಡಗೆರೆ ಎಳೆದು ಕೆಳಗೆ, ಗಂಡ ಕಲಿಸಿದ ಅಕ್ಷರಗಳಲ್ಲಿ, ಬೆರಳು ನೋಯುವಷ್ಟು ಒತ್ತಿ ಬರೆದಳು.

"ಒಂದು ದೃಶ್ಯವನ್ನೂ ತೆಗೆಯಕೂಡದು. ಎಲ್ಲ ಊರುಗಳಲ್ಲೂ ತೋರಿಸಿ."

ಸಹಿ ಹಾಕಿ ಮೇಲಿನ ಹಾಳೆಯನ್ನು ನಿರ್ದೇಶಕಿಗೆ ಕೊಟ್ಟಳು. ಕೆಳಗಿನದನ್ನು ಭಾವನ ಮುಂದಿಟ್ಟಳು.

"ಇದು ನಿಮ್ಮ ನಕಲು ಭಾವ. ಜೋಪಾನವಾಗಿ ಇಟ್ಕೊಳ್ಳಿ. ಈ ವರ್ಷದ ಬೈಂಡು ಮಾತ್ರ ಬೇರೆ ಯಾರ ಹತ್ರಾನಾದ್ರೂ ಹಾಕಿಸ್ಕೊಳ್ಳಿ. ಬೆಳಗಿನ ಚಹಾನೂ ಅಷ್ಟೇ."

ಮೊಮ್ಮಗನ ತೋಳು ಹಿಡಿದು ಅವಳು ಮೆಟ್ಟಿಲಿಳಿದು ಬೀದಿಗೆ ಬಂದಳು. ಚಹಾ ಕೋಣೆಯಲ್ಲಿ ಹೆಡ್‌ಮಾಸ್ತರರು ಅಭ್ಯಾಸಬಲದಿಂದ ನಕಲನ್ನು ಎತ್ತಿ ಕಿಟಕಿಯ ಬೆಳಕಿಗೆ ಹಿಡಿದು ನೋಡಿದರು. ಅಕ್ಷರ ಚೆನ್ನಾಗಿ ಮೂಡಿತ್ತು.