ಹೊಲದ ದಾರಿಯ ಮೇಲಿನ ತಂತಿ

"ಒಂದು ಪೆಂಡಿಯನ್ನೂ ಇಳಿಸಬೇಡ!" ಎಂದು ಆರ್ಡಿಸ್ ಅಡುಗೆಮನೆಯ ಬಾಗಿಲಿನಿಂದಲೇ ಕೂಗಿದಳು. ಗಾಡಿಯ ಮೇಲೇರಿ ಹುಲ್ಲಿನ ಪೆಂಡಿಯೊಂದನ್ನು ಕೆಳಗೆ ತಳ್ಳಲಿದ್ದ ಮಗಳು ಕೊರಿನ್ ಹಾಗೆಯೇ ನಿಂತಳು.

"ಅಮ್ಮಾ, ಇದರ ಮೇಲೆ ಅಪ್ಪನ ಶವಪೆಟ್ಟಿಗೆ ಇಟ್ರೆ ಮರ್ಲ್ ಮಾಮನ ಕರೆಂಟಿನ ತಂತಿಗೆ ತಾಗುತ್ತೆ. ಅಳೆದು ನೋಡ್ದೆ."

"ಐದು ವರಸೆ ಹುಲ್ಲು ಅಂತ ನಿಮ್ಮಪ್ಪ ಬರೆದಿಟ್ಟಿದಾನೆ. ಐದೇ ಇರ್ಲಿ."

"ಹಾಗಾದ್ರೆ ಟಾರು ರಸ್ತೇಲಿ ಸುತ್ತಿ ಹೋಗೋಣ."

"ಹನ್ನೊಂದು ವರ್ಷ ಸುತ್ತಿದ್ದು ಸಾಲದಾ ಅವನಿಗೆ?"

ಗಂಡ ಆರ್ವಿಲ್ ಸಾಯುವ ಮುಂಚೆ ಕೇಳಿದ್ದು ಇಷ್ಟೇ: ಹುಲ್ಲು ತುಂಬಿದ ಗಾಡಿಯ ಮೇಲೆ, ತನ್ನ ಹೊಲದ ದಾರಿಯಲ್ಲೇ, ಚರ್ಚಿಗೆ ಹೋಗಬೇಕು. ಐವತ್ತೆರಡು ವರ್ಷದ ಸಂಸಾರದಲ್ಲಿ ಅವನು ಬೇರೇನನ್ನೂ ಬಾಯಿಬಿಟ್ಟು ಕೇಳಿದ್ದು ಆರ್ಡಿಸಳಿಗೆ ನೆನಪಿಲ್ಲ. ಇದನ್ನು ನಡೆಸಿಕೊಡಲೇಬೇಕು. ನಡೆಸಬೇಕಾದರೆ ಒಂದು ಕಾಗದಕ್ಕೆ ಸಹಿ ಹಾಕಬೇಕು. ಬೆಳಗಿನಿಂದ ಎರಡು ಸಲ ಪೆನ್ನು ಹಿಡಿದಿದ್ದಳು, ಎರಡು ಸಲವೂ ಕೆಳಗಿಟ್ಟಿದ್ದಳು.

*

ಪಕ್ಕದ ಮರ್ಲ್ ಹೌಗೆಯ ಮನೆಗೆ ಕರೆಂಟು ಹೋಗುವುದು ಆರ್ವಿಲ್‌ನ ಹೊಲದ ಮೇಲಿಂದ. ತಂತಿ ಜೋತುಬಿದ್ದು, ಹುಲ್ಲು ತುಂಬಿದ ಗಾಡಿ ಅದರಡಿ ನುಸುಳುತ್ತಿರಲಿಲ್ಲ. ತೆಗೆಸು ಎಂದು ಆರ್ವಿಲ್, ತೆಗೆಸೆನು ಎಂದು ಮರ್ಲ್. ಕೊನೆಗೆ ಕೋರ್ಟು.

ಮರ್ಲ್‌ಗೆ ಕಣ್ಣು ಮಂಜು, ಕಾರು ಓಡಿಸುವಂತಿರಲಿಲ್ಲ. ಪ್ರತಿ ವಾಯಿದೆಗೂ ಆರ್ವಿಲ್ಲೇ ತನ್ನ ಕಾರಿನಲ್ಲಿ ಕರೆದುಕೊಂಡು ಹೋಗುತ್ತಿದ್ದ. ಸೀಟಿನಲ್ಲಿ ಇಬ್ಬರ ನಡುವೆ ಆರ್ಡಿಸ್.

"ಇವರಿಬ್ಬರನ್ನೂ ಬೇರೆ ಬೇರೆ ಕೂಡಿಸಿ," ಎಂದರು ಜಡ್ಜು ಒಮ್ಮೆ, ಮಾತು ಬಿಸಿಯೇರಿದಾಗ.

"ಆಗ್ಲಿ ಸ್ವಾಮಿ," ಎಂದ ಆರ್ವಿಲ್. "ಆದ್ರೆ ಬೇಗ ಮುಗಿಸಿ. ಇವನ ಹಸು ಕರೆಯೋ ಹೊತ್ತಾಯ್ತು, ಮನೆಗೆ ಬಿಡ್ಬೇಕು."

ತೀರ್ಪು ಬಂತು. ತಂತಿ ಅಪ್ಪಂದಿರ ಕಾಲದ್ದು, ಅಲ್ಲೇ ಇರಲಿ. ಹೊಲದವರು ಮುಂಚಿತವಾಗಿ ಸಹಿ ಹಾಕಿ ಕಾಗದ ಕೊಟ್ಟರೆ, ಗಾಡಿ ದಾಟುವವರೆಗೆ ಮರ್ಲ್ ಅದನ್ನು ಇಳಿಸಿಕೊಡಬೇಕು.

ವಾಪಸು ಬರುವಾಗ ಆರ್ವಿಲ್ ಮರ್ಲ್‌ನ ಗೇಟಿನ ಮುಂದೆ ಕಾರು ನಿಲ್ಲಿಸಿ, "ಗೆದ್ದೋನು ಇಳಿದು ಗೇಟು ತೆಗಿ," ಎಂದ. ಮರ್ಲ್ ಇಳಿದು ತೆಗೆದ.

ಆ ಕಾಗದವನ್ನು ಮಾತ್ರ ಆರ್ವಿಲ್ ಒಮ್ಮೆಯೂ ಕೊಡಲಿಲ್ಲ. "ಸಹಿ ಹಾಕಿದ್ರೆ ತಂತಿಗೆ ಹಕ್ಕಿದೆ ಅಂತ ಒಪ್ಪಿದ ಹಾಗೆ," ಎಂದು ಪ್ರತಿ ಬೇಸಿಗೆಯೂ ಮೂರು ಮೈಲಿ ಸುತ್ತಿದ. "ಕಾಗದ ಕೊಡ್ದೆ ಇಳಿಸಿದ್ರೆ ಸೋತ ಹಾಗೆ," ಎಂದು ಮರ್ಲ್ ಪಡಸಾಲೆಯಲ್ಲಿ ಕುಳಿತು, ಅವನು ಸುತ್ತುವುದಕ್ಕೆ ಕೈಬೀಸಿದ.

*

ಆರ್ಡಿಸ್ ಮೂರನೆಯ ಸಲ ಪೆನ್ನು ಹಿಡಿದಾಗ ಮರ್ಲ್ ಹೊಲ ದಾಟಿ ಬಂದ. ಕರಿ ಸೂಟು, ಮಂಡಿಯವರೆಗೆ ಇಬ್ಬನಿ.

"ಒಂದು ಲೋಟ ಕಾಫಿ ಕೊಡು, ಆರ್ಡಿಸ್. ಮನೇಲಿ ಒಲೆ ಉರೀತಿಲ್ಲ."

"ಏನಾಯ್ತು ಒಲೆಗೆ?"

"ಕರೆಂಟಿಲ್ಲ. ಲೈನ್‌ಮನ್ ಕರೆಸಿ ತಂತಿ ಇಳಿಸ್ದೆ."

ಅವಳ ಕೈ ನಿಂತಿತು. "ನಾನಿನ್ನೂ ಕಾಗದ ಕೊಟ್ಟಿಲ್ಲ."

"ಕೊಡ್ಲೂಬೇಡ. ಕೊಟ್ಟೆ ಅಂತ ಗೊತ್ತಾದ್ರೆ ಆ ಮುದುಕ ಪೆಟ್ಟಿಗೆಯಿಂದ ಎದ್ದು ಅಪೀಲು ಹಾಕ್ತಾನೆ. ಮತ್ತೆ ಕೋರ್ಟಿಗೆ ನನ್ನನ್ನ ಯಾರು ಕರ್ಕೊಂಡು ಹೋಗ್ತಾರೆ?"

ಆರ್ಡಿಸ್ ನಕ್ಕಳು. ನಗುನಗುತ್ತ ಕಣ್ಣೊರೆಸಿಕೊಂಡಳು, ಮತ್ತೆ ನಕ್ಕಳು. ಅಂಗಳದಲ್ಲಿದ್ದವರು ಗಾಬರಿಯಿಂದ ಒಳಗಿಣುಕಿದರು.

ಟ್ರಾಕ್ಟರಿನ ಮುಂದಿರುವ, ಪೆಂಡಿ ಎತ್ತುವ ಕಬ್ಬಿಣದ ತೋಳಿನಿಂದ ಪೆಟ್ಟಿಗೆಯನ್ನು ಹುಲ್ಲಿನ ಮೇಲೇರಿಸಿದರು. "ನಿಧಾನ, ಅವನಿಗೆ ಎತ್ತರ ಅಂದ್ರೆ ಭಯ," ಎಂದರು ಯಾರೋ. ಪೆಟ್ಟಿಗೆ ಹೊರಬೇಕಾದ ಆರು ಜನ ಏಣಿ ಹತ್ತಿ ಅದರ ಸುತ್ತ ಕುಳಿತರು. ಮರ್ಲ್ ತಲೆಯ ಕಡೆ. ಕೊರಿನ್ ಟ್ರಾಕ್ಟರು ಹೊರಡಿಸಿದಳು. ಆರ್ಡಿಸ್ ಅವಳ ಪಕ್ಕದಲ್ಲಿ ಹಿಂದಕ್ಕೆ ಮುಖ ಮಾಡಿ ಕುಳಿತಳು.

ತಂತಿಯ ಎರಡು ಕಂಬಗಳು ಹತ್ತಿರ ಬಂದವು. ನಡುವೆ ಏನೂ ಇರಲಿಲ್ಲ, ಜೂನ್ ತಿಂಗಳ ತಿಳಿ ಆಕಾಶ. ಆದರೂ ಗಾಡಿ ಅಲ್ಲಿಗೆ ಬಂದಾಗ ಮೇಲಿದ್ದ ಆರೂ ಜನ ಇಲ್ಲದ ತಂತಿ ತಾಗೀತೆಂಬಂತೆ ಒಟ್ಟಿಗೆ ತಲೆ ತಗ್ಗಿಸಿದರು. ಮರ್ಲ್ ಎಲ್ಲರಿಗಿಂತ ಕೆಳಕ್ಕೆ ಬಾಗಿ, ಎರಡೂ ಅಂಗೈಗಳಿಂದ ಪೆಟ್ಟಿಗೆಯ ಮುಚ್ಚಳವನ್ನು ಕೆಳಕ್ಕೊತ್ತಿ ಹಿಡಿದಿದ್ದ.