ಅಣ್ಣನ ಹೆಸರಿನಲ್ಲಿ ಓಡಿದವನು

ನನ್ನ ಗಂಡ ದಾರ್ದೊ ಮಾಂಸ ಬಿಟ್ಟು ಇಪ್ಪತ್ತು ವರ್ಷವಾಯಿತು. ಈ ಸಂಗತಿ ತಿಳಿಯದವರು ದುರಾಸ್ನೊ ಊರಿನಲ್ಲಿ ಯಾರಾದರೂ ಇದ್ದರೆ ಅವರು ನಿನ್ನೆ ತಾನೇ ಬಸ್ಸಿಳಿದವರಿರಬೇಕು. ಮನುಷ್ಯರಿಗಿಂತ ದನಗಳೇ ಹೆಚ್ಚಿರುವ ಉರುಗ್ವೆಯಲ್ಲಿ ಸೊಪ್ಪು ತಿಂದು ಬದುಕುವುದು ಸಾಧನೆಯೇ, ಒಪ್ಪುತ್ತೇನೆ. ಆದರೆ ಸಾಧಕನ ಜೊತೆ ಸಂಸಾರ ಮಾಡುವವಳ ಪಾಡನ್ನೂ ಯಾರಾದರೂ ಕೇಳಬೇಕು. ಭಾನುವಾರ ಊರಿಗೆ ಊರೇ ಕೆಂಡದ ಮೇಲೆ ಪಕ್ಕೆಲುಬು ಸುಡುತ್ತಿದ್ದರೆ ನಮ್ಮ ಹಿತ್ತಲಲ್ಲಿ ಬದನೆಕಾಯಿ ಸುಡುತ್ತಿತ್ತು. ಬೆಳಿಗ್ಗೆ ಐದೂವರೆಗೆ ಎದ್ದು ಊರ ಪಕ್ಕದ ಯೀ ಎಂಬ ನದಿಯ ದಂಡೆಯಲ್ಲಿ ಹನ್ನೆರಡು ಕಿಲೋಮೀಟರ್ ಓಡಿ ಬಂದು, ದಣಿವಾರಿಸಿಕೊಂಡು, ನಾನಿನ್ನೂ ಕಣ್ಣುಜ್ಜಿಕೊಳ್ಳುತ್ತಿರುವಾಗ, ತನ್ನ ನಾಡಿ ಹಿಡಿದು ಎಣಿಸಿ ಘೋಷಿಸುತ್ತಿದ್ದ: "ಐವತ್ತೆರಡು." ನಾನು "ಸಂತೋಷ" ಅನ್ನುತ್ತಿದ್ದೆ. ನನ್ನ ನಾಡಿ ಎಷ್ಟು ಬಡಿಯುತ್ತದೆಂದು ಅವನು ಒಮ್ಮೆಯೂ ಕೇಳಿದವನಲ್ಲ.

ಅವನ ಅಣ್ಣ ಎಬೆರ್ ಇದಕ್ಕೆ ತದ್ವಿರುದ್ಧ. ನೂರ ಹದಿನೆಂಟು ಕಿಲೋ ತೂಕ. ಊರಿನ ಹಳಬರ ಫುಟ್‌ಬಾಲ್ ತಂಡಕ್ಕೆ ಗೋಲ್‌ಕೀಪರ್. ಅವನು ನಿಂತ ಮೇಲೆ ಗೋಲಿನಲ್ಲಿ ಚೆಂಡಿಗೆ ಹೆಚ್ಚು ಜಾಗ ಉಳಿಯುವುದಿಲ್ಲ ಎನ್ನುವುದೇ ಅವನ ಅರ್ಹತೆ. ಪಂದ್ಯ ಮುಗಿದ ಮೇಲೆ ಎರಡೂ ತಂಡಗಳಿಗೆ ಮಾಂಸ ಸುಟ್ಟು ಬಡಿಸುವವನೂ ಅವನೇ. ಅವನ ತಟ್ಟೆ ನೋಡಿದಾಗಲೆಲ್ಲ ದಾರ್ದೊಗೆ ಮೈಮೇಲೆ ಬರುತ್ತಿತ್ತು.

"ತಿನ್ನು, ತಿನ್ನು. ಹೆಣಕ್ಕೆ ಹಾರ ತರೋಕೆ ನಾನಿದೀನಲ್ಲ."

"ಹೂವಿಂದು ತಾರೋ ಮಾರಾಯ, ಸೊಪ್ಪಿಂದು ತರಬೇಡ" ಎಂದು ಭಾವ ಇನ್ನೊಂದು ತುಂಡು ಹಾಕಿಕೊಳ್ಳುತ್ತಿದ್ದ.

ಈ ವರ್ಷ ಅವರ ತಂಡ ಹದಿನೇಳು ವರ್ಷಗಳ ಮೇಲೆ ಫೈನಲ್ ತಲುಪಿತು. ತಲುಪಿದ ವಾರವೇ ಫುಟ್‌ಬಾಲ್ ಸಂಘದವರಿಗೆ ಜ್ಞಾನೋದಯವಾಗಿ ಹೊಸ ನಿಯಮ ಬಂತು. ಐವತ್ತು ದಾಟಿದ ಆಟಗಾರರು ಆಸ್ಪತ್ರೆಯ ಟ್ರೆಡ್‌ಮಿಲ್ ಪಟ್ಟಿಯ ಮೇಲೆ ಓಡಿ, ಹೃದಯದ ಪರೀಕ್ಷೆ ಮಾಡಿಸಿ, ರಕ್ತ ಕೊಟ್ಟು, ಚೀಟಿ ತಂದರೆ ಮಾತ್ರ ಅಂಗಳಕ್ಕೆ ಇಳಿಯಬಹುದು. ಭಾವನಿಗೆ ಐವತ್ತನಾಲ್ಕು. ಆ ಪಟ್ಟಿಯ ಮೇಲೆ ಅವನು ಎರಡು ನಿಮಿಷ ನಿಂತರೆ ಪಟ್ಟಿಗೇ ಚೀಟಿ ಬರೆಸಬೇಕಾಗುತ್ತಿತ್ತು.

ಉಪಾಯ ಹೊಳೆದದ್ದು ತಂಡದ ಕಾರ್ಯದರ್ಶಿ ಮಿಲ್ಟನ್‌ಗೆ. ಬೇರೆ ಯಾವ ಕೆಲಸಕ್ಕೂ ಓಡದ ಅವನ ತಲೆ ಇಂಥದ್ದಕ್ಕೆ ಚೆನ್ನಾಗಿ ಓಡುತ್ತದೆ. ಅವನು ಭಾವನನ್ನು ಕರೆದುಕೊಂಡು ನಮ್ಮ ಅಡುಗೆಮನೆಗೆ ಬಂದು ಮೇಜಿನ ಮೇಲೆ ಭಾವನ ಗುರುತಿನ ಚೀಟಿ ಇಟ್ಟ. ಅದರಲ್ಲಿದ್ದದ್ದು ಹತ್ತು ವರ್ಷದ ಹಿಂದಿನ ಫೋಟೋ. ಕಾಮಾಲೆ ಬಂದು ಭಾವ ಬತ್ತಿಹೋಗಿದ್ದ ಕಾಲದ್ದು. ನೋಡಿದರೆ ಸಾಕ್ಷಾತ್ ದಾರ್ದೊ.

"ಒಂದು ಬೆಳಿಗ್ಗೆ ಕೆಲಸ ಅಷ್ಟೆ" ಅಂದ ಮಿಲ್ಟನ್. "ನೀನು ದಿನಾ ಓಡೋದೇ ತಾನೆ. ಆವತ್ತು ನದಿ ಬದ್ಲು ಆಸ್ಪತ್ರೇಲಿ ಓಡು."

ಪ್ರಾಮಾಣಿಕತೆಯ ಬಗ್ಗೆ ಅರ್ಧ ಗಂಟೆ ಭಾಷಣ ಕೇಳಲು ನಾನು ಕುರ್ಚಿ ಎಳೆದುಕೊಂಡು ಕೂತೆ. ದಾರ್ದೊ ಅರ್ಧ ನಿಮಿಷದಲ್ಲಿ ಒಪ್ಪಿಬಿಟ್ಟ. ಅಣ್ಣನ ಮೇಲಿನ ಪ್ರೀತಿಯಿಂದ ಎಂದು ಅವನು ಹೇಳಿದ. ನಿಜ ಬೇರೆ. ಇಷ್ಟು ವರ್ಷ ತಾನೇ ಊರಿಗೆಲ್ಲ ಸಾರುತ್ತಿದ್ದ ಆರೋಗ್ಯವನ್ನು ಒಂದು ಯಂತ್ರದಿಂದ ಹೇಳಿಸುವ ಆಸೆ ಅವನಿಗೆ. ಏಕೆಂದರೆ ಅವನು ಸ್ವಂತ ಹೆಸರಿನಲ್ಲಿ ಯಾವ ಪರೀಕ್ಷೆಗೂ ಹೋದವನಲ್ಲ. ನಮ್ಮ ದೇಶದಲ್ಲಿ ಕೆಲಸಕ್ಕೆ ಹೋಗುವವರೆಲ್ಲ ಪರೀಕ್ಷೆ ಮಾಡಿಸಿ ಆರೋಗ್ಯದ ಕಾರ್ಡು ಪಡೆಯಲೇಬೇಕು, ಆದರೆ ಇವನದು ಸ್ವಂತ ಸೈಕಲ್ ರಿಪೇರಿ ಅಂಗಡಿ, ಕೇಳುವ ಯಜಮಾನನೂ ಇವನೇ. "ಪರೀಕ್ಷೆ ಇರೋದು ರೋಗ ಇರೋರಿಗೆ" ಎನ್ನುವುದು ಅವನ ಸಿದ್ಧಾಂತ.

ಮಂಗಳವಾರ ಹೋಗಿ ಬಂದವನ ಮುಖ ಹಬ್ಬದ ಮನೆಯಂತಿತ್ತು.

"ಹನ್ನೆರಡು ನಿಮಿಷ ಓಡ್ದೆ, ನಿಬಿಯ. ಆ ನರ್ಸು ಯಂತ್ರದ ಪರದೆಯಿಂದ ಕಣ್ಣು ತೆಗೀಲಿಲ್ಲ. ಸಾಲ್ದು ಅಂತ ಇನ್ನೊಬ್ಬಳನ್ನೂ ಕರೆದು ತೋರ್ಸಿದ್ಲು. ಇಂಥ ಹೃದಯ ಅವರು ಕಂಡೇ ಇಲ್ಲ ಅಂತ ಕಾಣುತ್ತೆ."

ಶುಕ್ರವಾರ ಮಧ್ಯಾಹ್ನ ಭಾವ ನಮ್ಮ ಬಾಗಿಲು ಬಡಿದ. ಊರು ಮಲಗುವ ಹೊತ್ತಿನಲ್ಲಿ ಅವನು ಎದ್ದಿರುವುದೇ ಅಪರೂಪ.

"ಆಸ್ಪತ್ರೆಯಿಂದ ಫೋನ್ ಬಂದಿತ್ತು" ಅಂದ. "ನನ್ನ ಹೃದಯಕ್ಕೆ ರಕ್ತ ಸರಿಯಾಗಿ ಹೋಗ್ತಾ ಇಲ್ವಂತೆ. ಓಡೋದು, ಭಾರ ಎತ್ತೋದು ಏನೂ ಮಾಡ್ಬಾರ್ದಂತೆ. ಬುಧವಾರ ದೊಡ್ಡ ಡಾಕ್ಟ್ರನ್ನ ನೋಡ್ಬೇಕಂತೆ."

ನನಗೆ ನಗು ಬಂತು. ಇಪ್ಪತ್ತು ವರ್ಷ ದಾರ್ದೊ ಹೇಳಿದ್ದೇ ನಿಜವಾಯಿತಲ್ಲ ಎಂದುಕೊಂಡೆ. ಭಾವ ನಗಲಿಲ್ಲ. ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ ನಿಂತಿದ್ದ.

"ನಿಬಿಯ" ಅಂದ ಮೆಲ್ಲಗೆ. "ಓಡಿದ್ದು ನಾನಲ್ಲವಲ್ಲ."

ಬೆಳಿಗ್ಗೆ ತಾನೇ ದಾರ್ದೊ ಹನ್ನೆರಡು ಕಿಲೋಮೀಟರ್ ಓಡಿ ಬಂದು, ನಾಡಿ ಎಣಿಸಿ, ಅಂಗಡಿಗೆ ಹೋಗಿದ್ದ. ನನಗೆ ಹೆದರಿಕೆಯಾಯಿತು. ಅವನ ಬದನೆಕಾಯಿ, ಅವನ ಭಾಷಣ, ಅವನ ಐವತ್ತೆರಡು, ಎಲ್ಲವೂ ನನಗೆ ಬೇಕು ಎಂದು ಆ ಗಳಿಗೆಯಲ್ಲಿ ಅನ್ನಿಸಿತು.

ಸಂಜೆ ವಿಷಯ ತಿಳಿದಾಗ ದಾರ್ದೊ ಹೆದರುತ್ತಾನೆ ಎಂದುಕೊಂಡಿದ್ದೆ. ಅವನು ಅವಮಾನವಾದವನಂತೆ ಕೆಂಪಾದ.

"ಯಂತ್ರ ಕೆಟ್ಟಿದೆ. ಆ ನರ್ಸು ಫೈನಲ್ ಬಗ್ಗೆ ಹರಟ್ತಾ ತಂತಿ ಅಂಟಿಸಿದ್ಲು, ಎಲ್ಲೆಲ್ಲಿಗೋ ಅಂಟಿಸಿರ್ತಾಳೆ. ನಾನು ಇಪ್ಪತ್ತು ವರ್ಷದಿಂದ ಮಾಂಸ ಮುಟ್ಟಿಲ್ಲ."

"ನಾನೇ ಹೋಗಿ ಇದ್ದದ್ದು ಇದ್ದಂಗೆ ಹೇಳ್ಬಿಡ್ತೀನಿ" ಅಂದ ಭಾವ.

"ಹೇಳು. ನಿನ್ನನ್ನ ಸಂಘದಿಂದ ಓಡಿಸ್ತಾರೆ, ಮಿಲ್ಟನ್ನೂ ಹೋಗ್ತಾನೆ, ಫೈನಲ್ಲೂ ಹೋಗುತ್ತೆ. ನಿಂಗೋಸ್ಕರ ನಾನು ಸುಮ್ನಿದೀನಿ."

ಎಂಥ ತ್ಯಾಗ. ಅಣ್ಣನ ಹೆಸರಿನಲ್ಲಿ ರೋಗಿಯಾಗಲು ಸಿದ್ಧ, ಸ್ವಂತ ಹೆಸರಿನಲ್ಲಿ ಮಾತ್ರ ಸುತರಾಂ ಒಲ್ಲ. ಕೊನೆಗೆ ನಾನು ಅತ್ತೂ ಕರೆದೂ ಇಷ್ಟಕ್ಕೆ ಒಪ್ಪಿಸಿದೆ: ಬುಧವಾರ ಎಬೆರ್ ಆಗಿಯೇ ಹೋಗಿ, ಯಂತ್ರ ಕೆಟ್ಟಿದೆ ಎಂದು ಡಾಕ್ಟರ ಬಾಯಲ್ಲೇ ಹೇಳಿಸಿಕೊಂಡು ಬರುವುದು. ಅಲ್ಲಿಯವರೆಗೆ ಓಡಬಾರದು ಎಂದು ಅವನ ಬೂಟುಗಳನ್ನು ಕಿತ್ತು ಬಟ್ಟೆ ಒಗೆಯುವ ಯಂತ್ರದೊಳಗೆ ಹಾಕಿ, ಅದರ ಮುಂದೆ ಕಾವಲು ಕೂತೆ.

ಅಷ್ಟರಲ್ಲಿ ಊರಿಗೆ ಸುದ್ದಿ ಹಬ್ಬಿತು. ಭಾವನ ಹೆಂಡತಿ ಮಿರ್ತ ಫೋನಿನ ಪಕ್ಕದಲ್ಲೇ ನಿಂತು ಎಲ್ಲ ಕೇಳಿಸಿಕೊಂಡಿದ್ದಳು. ಅವಳಿಗೆ ಗುಟ್ಟು ಹೇಳುವುದೂ ಒಂದೇ, ರೇಡಿಯೋದಲ್ಲಿ ಬಿತ್ತರಿಸುವುದೂ ಒಂದೇ, ಆದ್ದರಿಂದ ಭಾವ ಬಾಯಿ ಬಿಡುವಂತಿರಲಿಲ್ಲ. ಅವಳು ಫ್ರಿಜ್ಜಿನಲ್ಲಿದ್ದ ಮಾಂಸವನ್ನೆಲ್ಲ ನೆರೆಮನೆಗಳಿಗೆ ಹಂಚಿ, ಉಪ್ಪಿನ ಡಬ್ಬಿಯನ್ನು ಬಚ್ಚಿಟ್ಟು, ಗಂಡನಿಗೆ ಮೂರು ಹೊತ್ತೂ ಬೇಯಿಸಿದ ಸಿಹಿಗುಂಬಳ ಬಡಿಸಿದಳು. ಗೆಳೆಯರು ಬಂದು ಹಾಸಿಗೆಯ ಪಕ್ಕ ಕೂತು, ಅವನಿಗೆ ಮಾಟೆ ಕಷಾಯವನ್ನೂ ಕೊಡದೆ ತಾವೇ ಕುಡಿದು, ನಿಟ್ಟುಸಿರು ಬಿಟ್ಟು ಹೋದರು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ. ನಮ್ಮ ಎತ್ತು ಎಮ್ಮೆಯನ್ನು ನೋಡಲು ಭಾನುವಾರ ಹೋಗಿ, "ನಾನು ಆವಾಗ್ಲೇ ಹೇಳಿದ್ದೆ" ಎಂದು ಎಲ್ಲರೆದುರು ಬುದ್ಧಿ ಹೇಳಿ ಬಂತು. ಭಾವ ಕುಂಬಳಕಾಯಿ ನುಂಗುತ್ತ ತಲೆಯಾಡಿಸಿದ. ನಾನಾಗಿದ್ದರೆ ತಟ್ಟೆ ಎಸೆಯುತ್ತಿದ್ದೆ.

ಬುಧವಾರ ಭಾವನೇ ತನ್ನ ವ್ಯಾನಿನಲ್ಲಿ ನಮ್ಮನ್ನು ಆಸ್ಪತ್ರೆಗೆ ಕರೆದುಕೊಂಡು ಹೋದ. ತಮ್ಮ ಸೈಕಲ್ ತುಳಿಯಬಾರದು ಎಂದು ಅವನ ಹಟ. ಅವನು ಹೊರಗೆ ಕಾದ, ನಾವಿಬ್ಬರು ಒಳಗೆ ಹೋದೆವು. ನಾನು ರೋಗಿಯ ನಾದಿನಿ ಎಂದು ಹೇಳಿಕೊಂಡೆ.

ಡಾಕ್ಟರ್ ಗೊಯೆನೆಚೆ ಅರವತ್ತರ ಹೆಂಗಸು, ಮೂಗಿನ ತುದಿಯಲ್ಲಿ ಕನ್ನಡಕ. ಕಡತ ತಿರುವಿ ಹಾಕಿದರು.

"ಎಬೆರ್ ಬೆಂತಾನ್ಕುರ್. ಎರಡು ವರ್ಷದ ಹಿಂದೆ ನೂರ ಹದಿನೆಂಟು ಕಿಲೋ. ಈಗ ಅರವತ್ತೊಂಬತ್ತು. ಹೇಗೆ ಇಳಿಸಿದ್ರಿ?"

"ಸೊಪ್ಪು ತಿಂದು" ಅಂದ ದಾರ್ದೊ. ಸುಳ್ಳಿನ ನಡುವೆಯೂ ಜಂಭ ಬಿಡಲಿಲ್ಲ.

"ಸೊಪ್ಪು ತಿಂದ್ರೆ ಇಷ್ಟೊಂದು ಇಳಿಯಲ್ಲ. ಎಲ್ಲಾದ್ರೂ ಗಡ್ಡೆ ಇದೆಯಾ ಅಂತಲೂ ನೋಡಿಸ್ಬೇಕು" ಎಂದು ಅವರು ಇನ್ನೊಂದು ಚೀಟಿ ಬರೆದರು. ದಾರ್ದೊ ಮೇಜಿನ ಕೆಳಗೆ ನನ್ನ ಕಾಲು ಒತ್ತಿದ. ಸುಮ್ಮನಿರು ಎಂದು ಅದರ ಅರ್ಥ. ಅಣ್ಣನಿಗೆ ಗಡ್ಡೆ ಬಂದರೂ ಚಿಂತೆಯಿಲ್ಲ, ಇವನ ಮಾನ ಉಳಿಯಬೇಕು.

ಡಾಕ್ಟರ್ ಉದ್ದನೆಯ ಕಾಗದ ಬಿಚ್ಚಿ ಬೆರಳಿಟ್ಟರು. "ಒಂಬತ್ತನೇ ನಿಮಿಷದಿಂದ ಈ ಗೆರೆ ಕೆಳಗೆ ಜಗ್ಗಿದೆ ನೋಡಿ. ರಕ್ತನಾಳ ಕಿರಿದಾಗಿರೋ ಲಕ್ಷಣ ಇದು. ಎದೆನೋವು ಬರುತ್ತಾ?"

"ಇಲ್ಲ."

"ಏದುಸಿರು?"

"ಏನೂ ಇಲ್ಲ. ಅದಕ್ಕೇ ಹೇಳ್ತಿರೋದು, ನಿಮ್ಮ ಯಂತ್ರ ಕೆಟ್ಟಿದೆ."

"ನೋವು ಬರೋವರೆಗೂ ಕಾಯೋದಾದ್ರೆ ಯಂತ್ರ ಯಾಕೆ ಬೇಕಿತ್ತು? ಕೆಲವರಿಗೆ ನೋವು ಬರೋದು ಒಂದೇ ಸಲ, ಅದೇ ಕೊನೇದು." ಅವರು ಪುಟ ತಿರುವಿದರು. "ಸಿಗರೇಟು?"

"ದಿನಕ್ಕೆರಡು ಪ್ಯಾಕು ಸೇದ್ತಿದ್ದೆ. ಬಿಟ್ಟು ಹದಿನೈದು ವರ್ಷ ಆಯ್ತು."

"ಅಪ್ಪ?"

"ಐವತ್ಮೂರಕ್ಕೆ ಹೋದ್ರು, ಹೃದಯ ನಿಂತು. ಅವರು ವಿಪರೀತ ಮಾಂಸ ತಿಂತಿದ್ರು."

"ನಿಮ್ಮ ರಕ್ತದಲ್ಲಿ ಕೆಟ್ಟ ಕೊಬ್ಬು ಇನ್ನೂರ ಹತ್ತಿದೆ. ಸೊಪ್ಪು ತಿನ್ನೋರಿಗೆ ಇಷ್ಟಿದೆ ಅಂದ್ರೆ ಇದು ತಟ್ಟೆಯಿಂದ ಬಂದಿದ್ದಲ್ಲ, ಅಪ್ಪನಿಂದ ಬಂದಿದ್ದು. ಒಡಹುಟ್ಟಿದವರು ಇದಾರಾ?"

"ಒಬ್ಬ ತಮ್ಮ ಇದಾನೆ."

"ಅವರ ಆರೋಗ್ಯ?"

ಇಷ್ಟು ಹೊತ್ತು ಒಂದೊಂದೇ ಮಾತಾಡುತ್ತಿದ್ದವನು ನೆಟ್ಟಗೆ ಕೂತ. ತಮ್ಮ ಎಂಥ ಮನುಷ್ಯ, ನದಿ ದಂಡೆಯಲ್ಲಿ ದಿನಾ ಎಷ್ಟು ಓಡುತ್ತಾನೆ, ಏನು ತಿನ್ನುತ್ತಾನೆ, ಏನು ಮುಟ್ಟುವುದಿಲ್ಲ, ನಾಡಿ ಎಷ್ಟು, ಎಲ್ಲ ಹೇಳಿದ. ತನ್ನನ್ನು ತಾನೇ ಹೊಗಳಲು ಮೂರನೆಯವನ ಬಾಯಿ ಸಿಕ್ಕಿದ್ದು ಅವನಿಗೆ ಜೀವನದಲ್ಲಿ ಅದೇ ಮೊದಲು. ಡಾಕ್ಟರ್ ಕನ್ನಡಕ ತೆಗೆದಿಟ್ಟು ಕೇಳಿದರು.

"ಅಂಥೋರನ್ನ ಕಂಡ್ರೆ ನಂಗೆ ಜಾಸ್ತಿ ಭಯ" ಅಂದರು. "ದಪ್ಪಗಿರೋರನ್ನ ಹೆಂಡತಿ ಎಳ್ಕೊಂಡು ಬರ್ತಾಳೆ, ಇವರನ್ನ ಯಾರೂ ಕರ್ಕೊಂಡು ಬರಲ್ಲ. ಅದೇ ಅಪ್ಪ ತಾನೆ ಅವರಿಗೂ? ಈ ವಾರವೇ ಕಳಿಸಿ. ಅಲ್ಲೀವರೆಗೆ ಓಡಬೇಡಿ ಅನ್ನಿ. ಇಲ್ಲಾಂದ್ರೆ ಒಂದಿನ ನದೀ ದಂಡೇಲಿ ಬಿದ್ದಿರ್ತಾರೆ. ಅವರ ಹೆಂಡತಿ ಇದ್ರೆ ಅವರಿಗಾದ್ರೂ ಹೇಳಿ."

"ಅವಳಿಗೆ ಗೊತ್ತು" ಅಂದೆ. "ಶುಕ್ರವಾರದಿಂದ ಅವಳು ಕಣ್ಣು ಮುಚ್ಚಿಲ್ಲ, ಡಾಕ್ಟ್ರೇ. ರಾತ್ರಿಯೆಲ್ಲ ಅವನು ಉಸಿರಾಡ್ತಾನಾ ಅಂತ ಕೇಳಿಸ್ಕೋತಾ ಇರ್ತಾಳೆ."

ದಾರ್ದೊ ನನ್ನ ಕಡೆ ತಿರುಗಿದ. ನಾನು ಎದ್ದಿರುತ್ತೇನೆಂದು ಅವನಿಗೆ ತಿಳಿದಿರಲಿಲ್ಲ. ಆಮೇಲೆ ಮೇಜಿನ ಮೇಲಿದ್ದ ಕಾಗದದ ಗೆರೆಯನ್ನು ನೋಡಿದ.

"ಅವನು ಬರಲ್ಲ ಡಾಕ್ಟ್ರೇ" ಅಂದ. "ಭಾರಿ ಜಂಭ ಅವನಿಗೆ."

"ಹಾಗಾದ್ರೆ ನಾನು ಈಗ ಹೇಳಿದ್ದನ್ನೆಲ್ಲ ನೀವೇ ಅವರಿಗೆ ಹೇಳಿ."

"ಹೇಳ್ತಾನೇ ಇದೀನಿ" ಅಂದ ದಾರ್ದೊ. "ಈಗ ಕೇಳಿಸ್ಕೋತಿದಾನೆ."

ಡಾಕ್ಟರ್ ಗುರುತಿನ ಚೀಟಿಯ ಫೋಟೋ ನೋಡಿದರು, ಅವನನ್ನು ನೋಡಿದರು, ನನ್ನನ್ನು ನೋಡಿದರು. ಆಮೇಲೆ ಹತ್ತು ನಿಮಿಷ ಅವರು ಬೈದ ಬೈಗುಳವನ್ನು ಇಲ್ಲಿ ಬರೆಯುವುದಿಲ್ಲ. ಒಂದೂ ಹೆಚ್ಚಾಗಿರಲಿಲ್ಲ. ಬೈದು ಮುಗಿದ ಮೇಲೆ ಗಡ್ಡೆಯ ಚೀಟಿ ಹರಿದು, ಹೊಸ ಕಡತ ತೆಗೆದು, ಅವನ ನಿಜವಾದ ಹೆಸರು ಕೇಳಿ ಬರೆದುಕೊಂಡರು. ಸೋಮವಾರ ದಾಖಲಾಗಿ ರಕ್ತನಾಳದೊಳಗೆ ತಂತಿ ಬಿಟ್ಟು ನೋಡಿಸಬೇಕು. ಸಂಘಕ್ಕೆ ಅವರು ನಿಜ ತಿಳಿಸುತ್ತಾರೆ. ಅಣ್ಣನೂ ತನ್ನದೇ ಕಾಲಿನ ಮೇಲೆ ಬಂದು ಪರೀಕ್ಷೆ ಮಾಡಿಸಿಕೊಳ್ಳಬೇಕು.

ಹೊರಗೆ ಭಾವ ವ್ಯಾನಿನ ಬಾಗಿಲಿಗೆ ಒರಗಿ ನಿಂತಿದ್ದ. ಐದು ದಿನದ ಕುಂಬಳಕಾಯಿಗೆ ಅವನ ಕೆನ್ನೆ ಸ್ವಲ್ಪ ಇಳಿದಿತ್ತು. ಅಕ್ಕಪಕ್ಕ ಊರಿನವರು ಇದ್ದುದರಿಂದ ಅವನು ಜೋರಾಗಿಯೇ ಕೇಳಿದ:

"ಏನಂದ್ರು? ಏನಾಗಿದೆಯಂತೆ ನಂಗೆ?"

"ನಿಂಗೇನಾಗಿದೆಯೋ ಇನ್ನೂ ಗೊತ್ತಿಲ್ಲ" ಅಂದ ದಾರ್ದೊ, ಅಷ್ಟೇ ಜೋರಾಗಿ. "ನಂಗೆ ಆಗಿದೆ. ನಿನ್ನ ಫೈನಲ್ ಹೋಯ್ತು ಎಬೆರ್, ಎಲ್ಲ ಹೇಳ್ಬಿಟ್ಟೆ."

ಭಾವ ಫೈನಲ್ ವಿಷಯ ಎತ್ತಲೇ ಇಲ್ಲ. ವ್ಯಾನಿನ ಬಾಗಿಲು ತೆಗೆದು, ತಮ್ಮನ ಕಂಕುಳಿಗೆ ಕೈ ಕೊಟ್ಟ.

"ಹತ್ತು" ಅಂದ. "ನಿಧಾನಕ್ಕೆ ಹತ್ತು."

ದಾರ್ದೊ ಆ ಕೈಯನ್ನು ತಳ್ಳಲಿಲ್ಲ. ಅಣ್ಣನ ಭುಜ ಹಿಡಿದುಕೊಂಡು ನಿಧಾನಕ್ಕೆ ಹತ್ತಿದ.